ಸೋತ ಋತುವಿನ ನಂತರ ಕಾಲೇಜಿನ ಫುಟ್‌ಬಾಲ್ ತಂಡವನ್ನು ಹೇಗೆ ಕಟ್ಟಬೇಕು?

ಪ್ರಶ್ನೆ: ತಂಡದ ಉಸ್ತುವಾರಿ ಅಧ್ಯಾಪಕ, ಬೆಳಗಾವಿ

ನಾನು ಬೆಳಗಾವಿಯ ಒಂದು ಪದವಿ ಕಾಲೇಜಿನಲ್ಲಿ ವಾಣಿಜ್ಯಶಾಸ್ತ್ರ ಕಲಿಸುತ್ತೇನೆ. ವಿದ್ಯಾರ್ಥಿಯಾಗಿದ್ದಾಗ ಕಾಲೇಜು ತಂಡಕ್ಕೆ ಆಡಿದವನು ಎಂಬ ಕಾರಣಕ್ಕೆ ಪುರುಷರ ಫುಟ್‌ಬಾಲ್ ತಂಡದ ಉಸ್ತುವಾರಿಯೂ ನನಗೆ ಬಂದಿದೆ. ಈ ವರ್ಷ ನಮ್ಮ ತಂಡ ಅಂತರ ಕಾಲೇಜು ಪಂದ್ಯಾವಳಿಯ ಮೊದಲ ಸುತ್ತಿನಲ್ಲೇ ಹೊರಬಿದ್ದಿತು. ನಗರದಲ್ಲಿ ನಡೆದ ಇತರ ಪಂದ್ಯಾವಳಿಗಳಲ್ಲೂ ಅದೇ ಗತಿಯಾಯಿತು. ಸ್ನೇಹಪೂರ್ವಕ ಪಂದ್ಯಗಳನ್ನೂ ಸೇರಿಸಿದರೆ ಇಡೀ ಋತುವಿನಲ್ಲಿ ನಾವು ಗೆದ್ದದ್ದು ಒಂದೇ ಒಂದು ಪಂದ್ಯ.

ಸೋಲಿಗಿಂತ ಸೋಲಿನ ರೀತಿ ನನ್ನನ್ನು ಹೆಚ್ಚು ಕಾಡುತ್ತಿದೆ. ಬಹುತೇಕ ಪಂದ್ಯಗಳಲ್ಲಿ ವಿರಾಮದ ಹೊತ್ತಿಗೆ ನಾವು ಸಮಬಲದಲ್ಲೇ ಇದ್ದೆವು. ಬಿಟ್ಟುಕೊಟ್ಟ ಗೋಲುಗಳಲ್ಲಿ ಅರ್ಧಕ್ಕಿಂತ ಹೆಚ್ಚು ಕೊನೆಯ ಅರ್ಧ ಗಂಟೆಯಲ್ಲಿ ಬಂದವು, ಉಳಿದವುಗಳಲ್ಲಿ ಹೆಚ್ಚಿನವು, ನಿಂತ ಚೆಂಡನ್ನು ಹೊಡೆಯುವ ಕಾರ್ನರ್ ಅಥವಾ ಫ್ರೀ ಕಿಕ್‌ನಿಂದ ಬಂದವು. ಹಿಂದಿನ ವರ್ಷ ಆಡಿದ ಹನ್ನೊಂದು ಜನರಲ್ಲಿ ಬಹುಪಾಲು ಹುಡುಗರು ಪದವಿ ಮುಗಿಸಿ ಹೋಗಿದ್ದಾರೆ. ಈಗಿನವರಲ್ಲಿ ಹೆಚ್ಚಿನವರು ಮೊದಲ ಮತ್ತು ಎರಡನೆಯ ವರ್ಷದವರು. ಅವರಲ್ಲಿ ಕೆಲವರು ಅಭ್ಯಾಸಕ್ಕೆ ಬರುವುದನ್ನು ಆಗಲೇ ನಿಲ್ಲಿಸಿದ್ದಾರೆ.

ಇದು ಫುಟ್‌ಬಾಲ್ ಅರಿಯದ ಊರಲ್ಲ. ದಂಡು ಪ್ರದೇಶವಾದ ಕ್ಯಾಂಪಿನಲ್ಲಿ ತಲೆಮಾರುಗಳಿಂದ ಈ ಆಟ ನಡೆದುಬಂದಿದೆ. 1856ರಲ್ಲಿ ಆರಂಭವಾದ ಸೇಂಟ್ ಪಾಲ್ಸ್ ಶಾಲೆಯ ಮೈದಾನದಲ್ಲಿ ನಡೆಯುವ ಫಾದರ್ ಎಡ್ಡಿ ಸ್ಮಾರಕ ಪಂದ್ಯಾವಳಿ ಇಲ್ಲಿನ ಶಾಲಾ ಹುಡುಗರಿಗೆ ವರ್ಷವಿಡೀ ಕಾಯುವ ಸಂಗತಿ. ಶಾಲೆಯಲ್ಲಿ ಅಷ್ಟು ಚೆನ್ನಾಗಿ ಆಡಿದ ಹುಡುಗರು ಕಾಲೇಜಿಗೆ ಬಂದ ಮೇಲೆ ಯಾಕೆ ಹೀಗಾಗುತ್ತಾರೆ ಎಂಬುದು ನನಗೆ ತಿಳಿಯಬೇಕಾಗಿದೆ.

ನಮ್ಮ ಆಡಳಿತ ಮಂಡಳಿಯ ಕೆಲವು ಸದಸ್ಯರು ಮುಂದಿನ ವರ್ಷ ಫುಟ್‌ಬಾಲ್‌ಗೆ ಕೊಡುವ ಹಣವನ್ನು ಕಡಿಮೆ ಮಾಡಿ ಗೆಲ್ಲುವ ಆಟಗಳಿಗೆ ಕೊಡೋಣ ಎನ್ನುತ್ತಿದ್ದಾರೆ. ಅವರಿಗೆ ಸಮರ್ಪಕವಾದ ಉತ್ತರ ಕೊಡಬೇಕು. ಅದಕ್ಕಿಂತ ಮೊದಲು, ಮಳೆಗಾಲ ಕಳೆದು ಹೊಸ ಋತು ಆರಂಭವಾಗುವುದರೊಳಗೆ, ಈ ಹುಡುಗರೊಂದಿಗೆ ಯಾವ ಕೆಲಸವನ್ನು ಮೊದಲು ಮಾಡಬೇಕು ಎಂಬುದನ್ನು ಅನುಭವವಿರುವವರು ತಿಳಿಸಬೇಕೆಂದು ಕೋರುತ್ತೇನೆ.


ಉತ್ತರ: ದೈಹಿಕ ಶಿಕ್ಷಣ ಶಿಕ್ಷಕ, ಬಾಗಲಕೋಟೆ

ನೀವು ಕೊಟ್ಟ ವಿವರಗಳಲ್ಲಿ ಅತ್ಯಂತ ಉಪಯುಕ್ತವಾದದ್ದು ಕೊನೆಯ ಅರ್ಧ ಗಂಟೆಯ ಮಾತು. ವಿರಾಮದವರೆಗೆ ಸಮಬಲದಲ್ಲಿ ಆಡುವ ತಂಡಕ್ಕೆ ಆಟ ಬರುವುದಿಲ್ಲ ಎಂದು ಹೇಳಲಾಗದು. ಅದಕ್ಕೆ ತೊಂಬತ್ತು ನಿಮಿಷ ಆಡುವ ಶಕ್ತಿ ಇನ್ನೂ ಬಂದಿಲ್ಲ, ಅಷ್ಟೆ. ಶಾಲಾ ಪಂದ್ಯಗಳ ಅವಧಿ ಸಾಮಾನ್ಯವಾಗಿ ಇದಕ್ಕಿಂತ ಕಡಿಮೆಯಿರುತ್ತದೆ ಎಂಬುದನ್ನು ನೆನಪಿಟ್ಟರೆ, ಶಾಲೆಯಲ್ಲಿ ಮಿಂಚಿದ ಹುಡುಗ ಕಾಲೇಜಿನಲ್ಲಿ ಅರವತ್ತನೆಯ ನಿಮಿಷಕ್ಕೆ ಕಾಲೆಳೆಯುವುದೇಕೆ ಎಂಬ ನಿಮ್ಮ ಪ್ರಶ್ನೆಗೆ ಅರ್ಧ ಉತ್ತರ ಸಿಗುತ್ತದೆ.

ನಮ್ಮ ಕಡೆಯ ಹೆಚ್ಚಿನ ಕಾಲೇಜುಗಳಲ್ಲಿ ಅಭ್ಯಾಸವೆಂದರೆ ಮೈದಾನದ ಸುತ್ತ ಒಂದೇ ವೇಗದಲ್ಲಿ ಹಲವು ಸುತ್ತು ಓಡುವುದು, ಆಮೇಲೆ ಎರಡು ತಂಡ ಮಾಡಿಕೊಂಡು ಕತ್ತಲಾಗುವವರೆಗೆ ಆಡುವುದು. ಪಂದ್ಯದಲ್ಲಿ ಯಾರೂ ಒಂದೇ ವೇಗದಲ್ಲಿ ಓಡುವುದಿಲ್ಲ. ಉನ್ನತ ಮಟ್ಟದ ಆಟಗಾರನೊಬ್ಬ ಒಂದು ಪಂದ್ಯದಲ್ಲಿ 10ರಿಂದ 12 ಕಿಲೋಮೀಟರ್ ಕ್ರಮಿಸುತ್ತಾನೆ. ಅದರಲ್ಲಿ ಬಹುಪಾಲು ನಡಿಗೆ ಮತ್ತು ನಿಧಾನದ ಓಟ, ಆದರೆ ಪಂದ್ಯ ನಿರ್ಧಾರವಾಗುವುದು ನಡುನಡುವೆ ಬರುವ ಹತ್ತಿಪ್ಪತ್ತು ಮೀಟರ್‌ಗಳ ಜೋರು ಓಟಗಳಲ್ಲಿ. ಅಂಥ ಓಟದ ನಂತರ ಎಷ್ಟು ಬೇಗ ಉಸಿರು ಹತೋಟಿಗೆ ಬರುತ್ತದೆ ಮತ್ತು ಮುಂದಿನ ಓಟಕ್ಕೆ ಕಾಲು ಎಷ್ಟು ಬೇಗ ಸಿದ್ಧವಾಗುತ್ತದೆ ಎಂಬುದನ್ನೇ ತಯಾರು ಮಾಡಬೇಕು. ಇದಕ್ಕೆ ನಾಲ್ವರ ವಿರುದ್ಧ ನಾಲ್ವರು ಆಡುವ ಚಿಕ್ಕ ಆಟಕ್ಕಿಂತ ಒಳ್ಳೆಯ ದಾರಿಯನ್ನು ನಾನು ಕಂಡಿಲ್ಲ. ನಾಲ್ಕು ನಿಮಿಷ ಬಿಡದೆ ಆಡಿಸಿ, ಮೂರು ನಿಮಿಷ ವಿಶ್ರಾಂತಿ ಕೊಟ್ಟು, ಅದನ್ನೇ ನಾಲ್ಕು ಬಾರಿ ಮಾಡಿಸಿದರೆ ಓಟವೂ ಆಗುತ್ತದೆ, ಚೆಂಡಿನ ಅಭ್ಯಾಸವೂ ಆಗುತ್ತದೆ. ಸಣ್ಣ ಜಾಗದಲ್ಲಿ ಪ್ರತಿಯೊಬ್ಬನ ಕಾಲಿಗೂ ಚೆಂಡು ಹೆಚ್ಚು ಸಲ ಬರುವುದರಿಂದ ನಿರುತ್ಸಾಹಗೊಂಡ ಹುಡುಗರು ಆಟಕ್ಕೆ ಮರಳುವುದನ್ನೂ ನಾನು ನೋಡಿದ್ದೇನೆ.

ಬೆಳಗಾವಿಯ ಮಳೆ ನಿಮಗೆ ಅಡ್ಡಿಯೆನಿಸಬಹುದು. ಜುಲೈ, ಆಗಸ್ಟ್ ತಿಂಗಳುಗಳಲ್ಲಿ ಇಡೀ ಮೈದಾನ ಆಡಲು ಸಿಗುವುದಿಲ್ಲ ಎಂಬುದು ನಿಜ. ಆದರೆ ಚಿಕ್ಕ ಆಟಕ್ಕೆ ಇಡೀ ಮೈದಾನ ಬೇಕಾಗಿಲ್ಲ. ನೀರು ನಿಲ್ಲದ ಒಂದು ಮೂಲೆ ಸಾಕು. ತೀರಾ ಮಳೆಯಿದ್ದ ದಿನ ಕಾಲೇಜಿನ ಸಭಾಂಗಣವೋ ವಾಹನ ನಿಲ್ಲಿಸುವ ಚಾವಣಿಯ ಜಾಗವೋ ಸಿಕ್ಕರೆ ಫಿಫಾ ಸಂಸ್ಥೆ ರೂಪಿಸಿದ ‘11 ಪ್ಲಸ್’ ಎಂಬ ವ್ಯಾಯಾಮ ಕ್ರಮವನ್ನು ಮಾಡಿಸಿ. ಅದರಲ್ಲಿ ಹದಿನೈದು ವ್ಯಾಯಾಮಗಳಿವೆ, ಇಪ್ಪತ್ತು ನಿಮಿಷಗಳಲ್ಲಿ ಮುಗಿಯುತ್ತದೆ, ಚೆಂಡನ್ನು ಬಿಟ್ಟರೆ ಯಾವ ಸಾಮಗ್ರಿಯೂ ಬೇಡ. ವಾರಕ್ಕೆ ಎರಡು ಸಲವಾದರೂ ತಪ್ಪದೆ ಮಾಡಿದ ತಂಡಗಳಲ್ಲಿ ಗಾಯಗಳು ಸುಮಾರು ಮೂರನೇ ಒಂದು ಭಾಗದಷ್ಟು ಕಡಿಮೆಯಾದುದನ್ನು ಅಧ್ಯಯನಗಳು ತೋರಿಸಿವೆ. ಇಪ್ಪತ್ತು ಜನರಿಲ್ಲದ ಕಾಲೇಜು ತಂಡಕ್ಕೆ ಇದು ಬಹಳ ದೊಡ್ಡ ಲಾಭ. ತೊಡೆಯ ಹಿಂಭಾಗದ ಸ್ನಾಯು ಹರಿದುಕೊಂಡು ಇಬ್ಬರು ಮುಖ್ಯ ಆಟಗಾರರು ಕುಳಿತರೆ ಅಂಥ ತಂಡದಲ್ಲಿ ಅವರ ಜಾಗ ತುಂಬುವವರೇ ಇರುವುದಿಲ್ಲ.

ಊಟದ ವಿಷಯವನ್ನು ಯಾರೂ ಕೇಳುವುದಿಲ್ಲವಾದ್ದರಿಂದ ನಾನೇ ಹೇಳುತ್ತೇನೆ. ಹಾಸ್ಟೆಲ್ ಹುಡುಗರು ಪಂದ್ಯದ ದಿನ ಬೆಳಿಗ್ಗೆ ಒಂದು ತಟ್ಟೆ ಅವಲಕ್ಕಿ ತಿಂದು ಮಧ್ಯಾಹ್ನ ಮೂರಕ್ಕೆ ಮೈದಾನಕ್ಕೆ ಇಳಿಯುವುದು ಸಾಮಾನ್ಯ. ಸ್ನಾಯುಗಳಲ್ಲಿ ಸಂಗ್ರಹವಾಗಿರುವ, ಓಟಕ್ಕೆ ಶಕ್ತಿ ಕೊಡುವ ಗ್ಲೈಕೋಜನ್ ಕರಗಿದಾಗ ಕಾಲು ಭಾರವಾಗುತ್ತದೆ, ಅದಕ್ಕಿಂತ ಹೆಚ್ಚಾಗಿ ತೀರ್ಮಾನ ತೆಗೆದುಕೊಳ್ಳುವುದು ನಿಧಾನವಾಗುತ್ತದೆ, ಮತ್ತು ಹಿಂಬದಿಯ ಆಟಗಾರ ತನ್ನ ಎದುರಾಳಿಯನ್ನು ಒಂದು ಹೆಜ್ಜೆ ತಡವಾಗಿ ಹಿಂಬಾಲಿಸುತ್ತಾನೆ. ಪಂದ್ಯಕ್ಕೆ ಮೂರು ಗಂಟೆ ಮೊದಲು ಜೋಳದ ರೊಟ್ಟಿ, ಅನ್ನ, ಖಾರ ಮತ್ತು ಎಣ್ಣೆ ಕಡಿಮೆಯಿರುವ ಪಲ್ಯದ ಊಟವಾಗಲಿ. ವಿರಾಮದಲ್ಲಿ ಬಾಳೆಹಣ್ಣು ಮತ್ತು ಉಪ್ಪು, ಸಕ್ಕರೆ ಹಾಕಿದ ನಿಂಬೆ ಪಾನಕ ಇರಲಿ. ಇದಕ್ಕೆ ತಗಲುವ ಖರ್ಚು ಒಂದು ಜೊತೆ ಬೂಟಿನ ಖರ್ಚಿಗಿಂತ ಕಡಿಮೆ.

ಕೊನೆಯದಾಗಿ ಬದಲಿ ಆಟಗಾರರ ವಿಷಯ. ಈಗಿನ ನಿಯಮಾವಳಿ ಐವರು ಬದಲಿ ಆಟಗಾರರಿಗೆ ಅವಕಾಶ ಕೊಡುತ್ತದೆ. ನಿಮ್ಮ ಪಂದ್ಯಾವಳಿಯ ನಿಯಮ ಏನು ಹೇಳುತ್ತದೆ ಎಂಬುದನ್ನು ಮೊದಲೇ ಕೇಳಿ ತಿಳಿದುಕೊಳ್ಳಿ. ನಮ್ಮ ಕಾಲೇಜುಗಳಲ್ಲಿ ಗೋಲು ಬಿದ್ದ ಮೇಲೆ ಬದಲಿ ಆಟಗಾರನನ್ನು ಇಳಿಸುವ ರೂಢಿಯಿದೆ. ಅರವತ್ತನೆಯ ನಿಮಿಷಕ್ಕೆ, ಅಂಕ ಏನೇ ಇರಲಿ, ಇಬ್ಬರು ಬದಿಯ ಆಟಗಾರರನ್ನು ಬದಲಿಸುವುದನ್ನು ಮೊದಲೇ ನಿಶ್ಚಯಿಸಿಕೊಂಡು ನೋಡಿ.


ಉತ್ತರ: ಹಳೆಯ ಗೋಲ್‌ಕೀಪರ್, ಕ್ಯಾಂಪ್, ಬೆಳಗಾವಿ

ಬಾಗಲಕೋಟೆಯ ಶಿಕ್ಷಕರು ಹೇಳಿದ್ದೆಲ್ಲ ಸರಿಯಾಗಿದೆ. ಆದರೆ ಕಾರ್ನರ್ ಮತ್ತು ಫ್ರೀ ಕಿಕ್‌ನಿಂದ ಬಂದ ಗೋಲುಗಳಿಗೆ ದಣಿವೊಂದೇ ಕಾರಣವಲ್ಲ. ಚೆಂಡು ನಿಂತಿರುವಾಗ ಪ್ರತಿಯೊಬ್ಬನಿಗೂ ತನ್ನ ಜಾಗ ಗೊತ್ತಿರಬೇಕು, ಮತ್ತು ಅದನ್ನು ಪಂದ್ಯದ ದಿನ ಕೂಗಿ ಕಲಿಸಲಾಗದು. ನಿಮ್ಮ ತಂಡದಲ್ಲಿ ಹೆಚ್ಚಿನವರು ಹೊಸಬರು. ಅವರು ಒಬ್ಬೊಬ್ಬರೂ ಬೇರೆ ಬೇರೆ ಶಾಲೆಯಿಂದ ಬೇರೆ ಬೇರೆ ಪದ್ಧತಿ ಕಲಿತು ಬಂದಿರುತ್ತಾರೆ. ಒಬ್ಬ ಎದುರಾಳಿಯನ್ನು ಹಿಡಿದು ನಿಲ್ಲುತ್ತಾನೆ, ಇನ್ನೊಬ್ಬ ಜಾಗ ಕಾಯುತ್ತಾನೆ, ಇವರಿಬ್ಬರ ನಡುವೆ ಬಂದು ಬಿದ್ದ ಚೆಂಡನ್ನು ಮೂರನೆಯವನು ಗೋಲಿಗೆ ತಳ್ಳುತ್ತಾನೆ.

ನನ್ನ ಸಲಹೆ ಇಷ್ಟು. ಎರಡು ಗೋಲುಕಂಬಗಳ ಎದುರಿಗೆ ಆರು ಗಜದ ಗೆರೆಯ ಮೇಲೆ ಎತ್ತರದ ಮೂವರನ್ನು ಜಾಗ ಕಾಯಲು ನಿಲ್ಲಿಸಿ. ಎದುರು ತಂಡದಲ್ಲಿ ತಲೆಯಿಂದ ಚೆನ್ನಾಗಿ ಹೊಡೆಯುವ ಮೂವರನ್ನು ಮಾತ್ರ ನಿಮ್ಮ ಮೂವರು ಬೆನ್ನು ಹತ್ತಲಿ. ಒಬ್ಬ ಹತ್ತಿರದ ಕಂಬದ ಬಳಿ ಇರಲಿ, ಇನ್ನೊಬ್ಬ ಗೋಲಿನ ಎದುರಿನ ದೊಡ್ಡ ಚೌಕವಾದ ಪೆನಾಲ್ಟಿ ಆವರಣದ ಅಂಚಿನಲ್ಲಿ ಮರಳಿ ಬರುವ ಚೆಂಡಿಗಾಗಿ ಕಾಯಲಿ. ಇದಕ್ಕಿಂತ ಉತ್ತಮವಾದ ವ್ಯವಸ್ಥೆಗಳಿವೆ. ಆದರೆ ಕಾಲೇಜು ತಂಡಕ್ಕೆ ಬೇಕಾಗಿರುವುದು ಎಲ್ಲರಿಗೂ ನೆನಪಿರುವ ಒಂದು ವ್ಯವಸ್ಥೆ. ಅದನ್ನು ಪ್ರತಿ ಅಭ್ಯಾಸದ ಕೊನೆಯ ಹದಿನೈದು ನಿಮಿಷ, ಹುಡುಗರು ದಣಿದಿರುವಾಗಲೇ ಮಾಡಿಸಿ, ಏಕೆಂದರೆ ಪಂದ್ಯದಲ್ಲಿಯೂ ಅವರಿಗೆ ಅದು ನೆನಪಾಗಬೇಕಾದದ್ದು ದಣಿದಾಗಲೇ.

ಗೋಲ್‌ಕೀಪರ್ ಬಗ್ಗೆ ನೀವು ಒಂದು ಮಾತನ್ನೂ ಬರೆದಿಲ್ಲ. ನಮ್ಮ ಊರಿನ ಕಾಲೇಜು ತಂಡಗಳಲ್ಲಿ ಅವನಿಗೆ ಪ್ರತ್ಯೇಕ ಅಭ್ಯಾಸ ಕೊಡುವವರು ಅಪರೂಪ. 7.32 ಮೀಟರ್ ಅಗಲ, 2.44 ಮೀಟರ್ ಎತ್ತರದ ಗೋಲಿನಲ್ಲಿ ಗೆರೆಯ ಮೇಲೆಯೇ ನಿಂತವನಿಗೆ ಎರಡೂ ಬದಿಗಳು ದೂರ; ಚೆಂಡಿನ ಕಡೆಗೆ ಎರಡು ಹೆಜ್ಜೆ ಮುಂದೆ ಬಂದರೆ ಹೊಡೆಯುವವನಿಗೆ ಕಾಣುವ ಜಾಗ ಕಿರಿದಾಗುತ್ತದೆ. ಒದ್ದೆ ಮೈದಾನದಲ್ಲಿ ನೆಲಕ್ಕೆ ಬಡಿದ ಚೆಂಡು ವೇಗ ಕಳೆದುಕೊಳ್ಳದೆ ಜಾರಿ ಬರುತ್ತದೆ. ಅದನ್ನು ಕೈಯಿಂದ ಮಾತ್ರ ಹಿಡಿಯಲು ಹೋಗದೆ ಮೊಣಕಾಲು ಮಡಿಸಿ, ಎದೆಯನ್ನು ಚೆಂಡಿನ ಹಿಂದೆ ತರುವುದನ್ನು ಮಳೆಗಾಲದಲ್ಲೇ ಅಭ್ಯಾಸ ಮಾಡಿಸಬೇಕು. ಬೆಳಗಾವಿಯ ಗೋಲ್‌ಕೀಪರ್‌ಗೆ ಈ ಊರಿನ ಮಳೆ ಕೊಡುವ ಶಿಕ್ಷಣ ಇದು, ಅದನ್ನು ಕಳೆದುಕೊಳ್ಳಬೇಡಿ. ಹಾಗೆಯೇ 2025ರ ಜುಲೈ 1ರಿಂದ ಜಾರಿಗೆ ಬಂದ ನಿಯಮದ ಪ್ರಕಾರ ಗೋಲ್‌ಕೀಪರ್ ಎಂಟು ಸೆಕೆಂಡಿಗಿಂತ ಹೆಚ್ಚು ಹೊತ್ತು ಚೆಂಡನ್ನು ಕೈಯಲ್ಲಿ ಇಟ್ಟುಕೊಂಡರೆ ಎದುರಾಳಿಗೆ ಕಾರ್ನರ್ ಸಿಗುತ್ತದೆ. ಕಾರ್ನರ್‌ನಲ್ಲಿ ಗೋಲು ಬಿಡುವ ತಂಡ ಇದನ್ನು ತಿಳಿದಿರಲೇಬೇಕು.

ಇನ್ನೊಂದು ಮಾತು. ಸೋತ ತಂಡವನ್ನು ಪೂರ್ತಿ ಬದಲಿಸುವುದಕ್ಕಿಂತ ಇರುವವರ ಜಾಗಗಳನ್ನು ಬದಲಿಸಿ ನೋಡುವುದು ಒಳ್ಳೆಯದು. 1962ರ ಜಕಾರ್ತ ಏಷ್ಯನ್ ಕ್ರೀಡಾಕೂಟದಲ್ಲಿ ಭಾರತ ತನ್ನ ಮೊದಲ ಪಂದ್ಯದಲ್ಲಿ ದಕ್ಷಿಣ ಕೊರಿಯಾಕ್ಕೆ 0-2ರಿಂದ ಸೋತಿತ್ತು. ಮುಂದೆ ಹಿಂಬದಿಯ ಆಟಗಾರ ಜರ್ನೈಲ್ ಸಿಂಗ್ ತಲೆಗೆ ಪೆಟ್ಟಾಗಿ ಹೊಲಿಗೆ ಹಾಕಿಸಿಕೊಂಡಿದ್ದಾಗ ಅವರನ್ನು ತರಬೇತುದಾರ ಎಸ್.ಎ. ರಹೀಂ ಮುಂಚೂಣಿಗೆ ಕಳುಹಿಸಿದರು. ಜರ್ನೈಲ್ ಸೆಮಿಫೈನಲ್‌ನಲ್ಲೂ ಫೈನಲ್‌ನಲ್ಲೂ ಗೋಲು ಹೊಡೆದರು. ಆ ಫೈನಲ್‌ನಲ್ಲಿ ಭಾರತ 2-1ರಿಂದ ಸೋಲಿಸಿದ್ದು ಅದೇ ದಕ್ಷಿಣ ಕೊರಿಯಾವನ್ನು. ನಿಮ್ಮ ಹುಡುಗರಲ್ಲಿ ಯಾರು ಯಾವ ಜಾಗಕ್ಕೆ ತಕ್ಕವರು ಎಂಬುದು ಇನ್ನೂ ನಿಶ್ಚಯವಾಗಿಲ್ಲದಿರಬಹುದು. ಅಂಕಗಳ ಭಯವಿಲ್ಲದ ಮಳೆಗಾಲದ ಆಟಗಳಲ್ಲಿ ಅದನ್ನು ಪರೀಕ್ಷಿಸಿ.


ಉತ್ತರ: ಆಟಗಾರನೊಬ್ಬನ ತಂದೆ, ಖಾನಾಪುರ

ನನ್ನ ಮಗ ಬೆಳಗಾವಿಯ ಬೇರೊಂದು ಕಾಲೇಜಿನ ತಂಡದಲ್ಲಿ ಆಡುತ್ತಾನೆ. ಸಂಜೆಯ ಅಭ್ಯಾಸ ಮುಗಿಸಿ ಬಸ್ಸು ಹಿಡಿದು ಮನೆ ಸೇರುವಾಗ ರಾತ್ರಿಯಾಗುತ್ತದೆ, ಮಳೆಗಾಲದಲ್ಲಂತೂ ನಮಗೆ ಆತಂಕ. ಊರುಗಳಿಂದ ಬರುವ ಹುಡುಗರು ಅರ್ಧ ಅಭ್ಯಾಸ ಬಿಟ್ಟು ಬಸ್ಸಿಗೆ ಓಡುತ್ತಾರೆ, ಆಮೇಲೆ ಅವರಿಗೆ ಶ್ರದ್ಧೆಯಿಲ್ಲ ಎಂದು ಮಾತು ಬರುತ್ತದೆ. ನಿಮ್ಮ ತಂಡದಲ್ಲಿ ಅಭ್ಯಾಸ ಬಿಟ್ಟವರು ಎಲ್ಲಿಂದ ಬರುವವರು ಎಂಬುದನ್ನು ಒಮ್ಮೆ ವಿಚಾರಿಸಿ. ತರಗತಿಗಳಿಗೆ ಮೊದಲು ಅಥವಾ ಮಧ್ಯಾಹ್ನ ತರಗತಿ ಮುಗಿದ ಕೂಡಲೇ ಅಭ್ಯಾಸವಿಟ್ಟರೆ ಅವರಲ್ಲಿ ಹಲವರು ಮರಳಿ ಬಂದಾರು.


ಉತ್ತರ: ಸಂಖ್ಯಾಶಾಸ್ತ್ರದ ಉಪನ್ಯಾಸಕಿ, ವಿಜಯಪುರ

ಆಡಳಿತ ಮಂಡಳಿಗೆ ಏನು ಉತ್ತರಿಸಬೇಕು ಎಂಬ ಪ್ರಶ್ನೆಯನ್ನು ಇದುವರೆಗೆ ಯಾರೂ ಎತ್ತಿಕೊಂಡಿಲ್ಲವಾದ್ದರಿಂದ ಅದರ ಬಗ್ಗೆ ಬರೆಯುತ್ತೇನೆ. ನಮ್ಮ ಕಾಲೇಜಿನ ಕ್ರೀಡಾ ಸಮಿತಿಯಲ್ಲಿ ಇಂಥದೇ ವಾದವನ್ನು ಕೇಳಿದ್ದೇನೆ, ಮತ್ತು ಆ ವಾದದ ಬುಡದಲ್ಲಿರುವ ಲೆಕ್ಕವೇ ಸರಿಯಿಲ್ಲ ಎಂದು ನನ್ನ ಅಭಿಪ್ರಾಯ.

ನಮ್ಮ ಅಂತರ ಕಾಲೇಜು ಪಂದ್ಯಾವಳಿಗಳು ಬಹುತೇಕ ನಾಕೌಟ್ ಪದ್ಧತಿಯವು, ಅಂದರೆ ಒಮ್ಮೆ ಸೋತ ತಂಡ ಹೊರಬೀಳುತ್ತದೆ. ಹದಿನಾರು ತಂಡಗಳ ನಾಕೌಟ್‌ನಲ್ಲಿ ಒಟ್ಟು ಹದಿನೈದು ಪಂದ್ಯಗಳು ನಡೆಯುತ್ತವೆ. ಅವುಗಳಲ್ಲಿ ಎಂಟು ತಂಡಗಳು ಒಂದೇ ಒಂದು ಪಂದ್ಯ ಆಡಿ ಮನೆಗೆ ಹೋಗುತ್ತವೆ, ಗೆದ್ದ ತಂಡ ನಾಲ್ಕು ಪಂದ್ಯ ಆಡುತ್ತದೆ. ಅಂದರೆ ಯಾವ ತಂಡಕ್ಕೆ ಪಂದ್ಯದ ಅನುಭವ ಅತ್ಯಂತ ಅಗತ್ಯವೋ ಅದಕ್ಕೆ ಅತ್ಯಂತ ಕಡಿಮೆ ಪಂದ್ಯ ಸಿಗುತ್ತದೆ, ಮುಂದಿನ ವರ್ಷ ಅದೇ ತಂಡ ಅದೇ ಅನನುಭವದೊಂದಿಗೆ ಮೈದಾನಕ್ಕೆ ಬರುತ್ತದೆ. ಮೂರು ವರ್ಷದ ಪದವಿಯಲ್ಲಿ ಪ್ರತಿವರ್ಷ ತಂಡದ ಮೂರನೇ ಒಂದು ಭಾಗ ಹೇಗೂ ಹೊರಹೋಗುತ್ತದೆ. ನಿಮ್ಮಲ್ಲಿ ಈ ಬಾರಿ ಅದಕ್ಕಿಂತ ಹೆಚ್ಚು ಜನ ಹೋದರು. ಸೋಲು ಮತ್ತೊಂದು ಸೋಲಿಗೆ ಬೀಜವಾಗುವುದು ಹುಡುಗರ ಯೋಗ್ಯತೆಯಿಂದ ಅಲ್ಲ, ಈ ವ್ಯವಸ್ಥೆಯಿಂದ. ಹಣ ಕಡಿಮೆ ಮಾಡಿದರೆ ಪಂದ್ಯಗಳು ಇನ್ನೂ ಕಡಿಮೆಯಾಗುತ್ತವೆ, ಇಲ್ಲದ ರೋಗಕ್ಕೆ ಮದ್ದು ಕೊಟ್ಟು ಇರುವ ರೋಗವನ್ನು ಹೆಚ್ಚಿಸಿದಂತೆ ಆಗುತ್ತದೆ.

ಇದಕ್ಕೆ ಉಪಾಯವಿದೆ. ಆರು ಕಾಲೇಜುಗಳು ಸೇರಿ, ಪ್ರತಿ ತಂಡವೂ ಉಳಿದ ಪ್ರತಿ ತಂಡದ ವಿರುದ್ಧ ಒಮ್ಮೆ ಆಡುವ ಲೀಗ್ ನಡೆಸಿದರೆ ಅಲ್ಲಿಯೂ ಹದಿನೈದೇ ಪಂದ್ಯಗಳು. ಆದರೆ ಪ್ರತಿ ತಂಡಕ್ಕೂ ಐದು ಪಂದ್ಯ ಸಿಗುತ್ತದೆ, ಕೊನೆಯ ಸ್ಥಾನದ ತಂಡಕ್ಕೂ ಅಷ್ಟೇ. ಕಪ್ಪು, ಮುಖ್ಯ ಅತಿಥಿ, ವೇದಿಕೆ ಯಾವುದೂ ಬೇಡ. ರೆಫರಿಯ ಗೌರವಧನ, ಪ್ರಥಮ ಚಿಕಿತ್ಸೆ, ಪ್ರಯಾಣ, ನೀರು ಇವಿಷ್ಟರ ಖರ್ಚನ್ನು ಆರು ಕಾಲೇಜುಗಳು ಹಂಚಿಕೊಂಡರೆ ಒಂದು ನಾಕೌಟ್ ಪಂದ್ಯಾವಳಿಗೆ ಬೇಕಾಗುವುದಕ್ಕಿಂತ ಕಡಿಮೆ ಹಣ ಸಾಕು.

ಫಲಿತಾಂಶವನ್ನು ಓದುವ ರೀತಿಯ ಬಗ್ಗೆಯೂ ಮಂಡಳಿಗೆ ಹೇಳಬೇಕಾದ ಮಾತಿದೆ. ಫುಟ್‌ಬಾಲ್‌ನಲ್ಲಿ ಗೋಲುಗಳು ವಿರಳ. ಜಗತ್ತಿನ ದೊಡ್ಡ ಲೀಗ್‌ಗಳಲ್ಲಿ ಎರಡೂ ತಂಡಗಳು ಸೇರಿ ಒಂದು ಪಂದ್ಯದಲ್ಲಿ ಸರಾಸರಿ ಎರಡೂವರೆಯಿಂದ ಮೂರು ಗೋಲು ಬರುತ್ತವೆ, ಸುಮಾರು ಹತ್ತು ಹೊಡೆತಗಳಲ್ಲಿ ಒಂದು ಗೋಲಾಗುತ್ತದೆ. ಇಷ್ಟು ಕಡಿಮೆ ಘಟನೆಗಳಿಂದ ತೀರ್ಮಾನವಾಗುವ ಆಟದಲ್ಲಿ ಬೆರಳೆಣಿಕೆಯ ಪಂದ್ಯಗಳನ್ನು ನೋಡಿ ತಂಡದ ನಿಜವಾದ ಮಟ್ಟವನ್ನು ಹೇಳಲು ಸಾಧ್ಯವಿಲ್ಲ. ಒಂದೇ ಗೋಲಿನ ಅಂತರದ ಸೋಲುಗಳಲ್ಲಿ ಅದೃಷ್ಟದ ಪಾಲು ದೊಡ್ಡದಿರುತ್ತದೆ. ಆದ್ದರಿಂದ ಗೋಲುಗಳ ಜೊತೆಗೆ ಹೊಡೆತಗಳನ್ನೂ ಬರೆದಿಡಿ. ನಿಮ್ಮದು ಎಷ್ಟು, ಎದುರಾಳಿಯದು ಎಷ್ಟು, ಪೆನಾಲ್ಟಿ ಆವರಣದ ಒಳಗಿನಿಂದ ಎಷ್ಟು, ಯಾವ ಹದಿನೈದು ನಿಮಿಷಗಳಲ್ಲಿ ಎಷ್ಟು. ಬದಲಿ ಆಟಗಾರರ ಬೆಂಚಿನಲ್ಲಿ ಕುಳಿತ ಒಬ್ಬ ವಿದ್ಯಾರ್ಥಿ ಒಂದು ನೋಟ್‌ಬುಕ್ಕಿನಲ್ಲಿ ಇದನ್ನು ಮಾಡಬಲ್ಲ. ಮುಂದಿನ ವರ್ಷ ಗೆಲುವು ಹೆಚ್ಚದಿದ್ದರೂ ಕೊನೆಯ ಅರ್ಧ ಗಂಟೆಯಲ್ಲಿ ಎದುರಾಳಿಯ ಹೊಡೆತಗಳು ಕಡಿಮೆಯಾಗಿದ್ದರೆ, ನೀವು ಮಾಡಿದ ಕೆಲಸ ಫಲ ಕೊಡುತ್ತಿದೆ ಎಂದು ಕಾಗದದ ಮೇಲೆ ತೋರಿಸಬಹುದು.

ಮಂಡಳಿಯ ಸದಸ್ಯರಿಗೆ ಉದಾಹರಣೆಗಳು ಇಷ್ಟವಾದರೆ ಎರಡನ್ನು ಕೊಡಿ. ಇಂಗ್ಲೆಂಡಿನ ಲೆಸ್ಟರ್ ಸಿಟಿ ತಂಡ 2014-15ರಲ್ಲಿ ಋತುವಿನ ಬಹುಭಾಗ ಅಲ್ಲಿನ ಅತ್ಯುನ್ನತ ಲೀಗ್ ಆದ ಪ್ರೀಮಿಯರ್ ಲೀಗ್‌ನ ತಳದಲ್ಲಿತ್ತು. ಕೊನೆಯ ಒಂಬತ್ತು ಪಂದ್ಯಗಳಲ್ಲಿ ಏಳನ್ನು ಗೆದ್ದು, ಕೆಳಗಿನ ಲೀಗ್‌ಗೆ ಇಳಿಯದೆ ಹದಿನಾಲ್ಕನೆಯ ಸ್ಥಾನದಲ್ಲಿ ಉಳಿದುಕೊಂಡಿತು. ಮರುವರ್ಷ, ಬಹುತೇಕ ಅದೇ ಆಟಗಾರರ ಬೆನ್ನೆಲುಬನ್ನು ಇಟ್ಟುಕೊಂಡು, ಚಾಂಪಿಯನ್ ಆಯಿತು. ಆ ಗೆಲುವಿನ ಋತುವಿನ ಆರಂಭದಲ್ಲಿ ಕೂಡ ಅದು ಪ್ರತಿ ಪಂದ್ಯದಲ್ಲೂ ಗೋಲು ಬಿಡುತ್ತಿತ್ತು. ಗೋಲು ಬಿಡದೆ ಆಡಿದರೆ ಪಿಜ್ಜಾ ಕೊಡಿಸುತ್ತೇನೆಂದು ತರಬೇತುದಾರ ರಾನಿಯೇರಿ ಆಟಗಾರರಿಗೆ ಮಾತು ಕೊಟ್ಟಿದ್ದರು, ಅಕ್ಟೋಬರ್‌ನಲ್ಲಿ ಕ್ರಿಸ್ಟಲ್ ಪ್ಯಾಲೆಸ್ ವಿರುದ್ಧ 1-0ರಿಂದ ಗೆದ್ದಾಗ ಅದನ್ನು ನಡೆಸಿಕೊಟ್ಟರು. ಎರಡನೆಯ ಉದಾಹರಣೆ ನಮ್ಮದೇ ರಾಜ್ಯದ್ದು. ಮೈಸೂರು ರಾಜ್ಯದ ಹೆಸರಿನಲ್ಲಿ 1968-69ರಲ್ಲಿ ರಾಜ್ಯ ತಂಡಗಳ ರಾಷ್ಟ್ರೀಯ ಪಂದ್ಯಾವಳಿಯಾದ ಸಂತೋಷ್ ಟ್ರೋಫಿ ಗೆದ್ದ ಮೇಲೆ ಕರ್ನಾಟಕ ಮತ್ತೆ ಅದನ್ನು ಗೆದ್ದದ್ದು 2023ರ ಮಾರ್ಚ್ 4ರಂದು, ರಿಯಾದ್‌ನಲ್ಲಿ ಮೇಘಾಲಯವನ್ನು 3-2ರಿಂದ ಸೋಲಿಸಿ. ನಡುವಿನ ಐವತ್ತಕ್ಕೂ ಹೆಚ್ಚು ವರ್ಷಗಳಲ್ಲಿ ರಾಜ್ಯ ತಂಡ ಕಳುಹಿಸುವುದನ್ನು ನಿಲ್ಲಿಸಬೇಕಿತ್ತೇ ಎಂದು ಅವರನ್ನೇ ಕೇಳಿ.


ಮರುಪ್ರಶ್ನೆ: ತಂಡದ ಉಸ್ತುವಾರಿ ಅಧ್ಯಾಪಕ, ಬೆಳಗಾವಿ

ಎಲ್ಲರಿಗೂ ಕೃತಜ್ಞತೆಗಳು. ಖಾನಾಪುರದ ತಂದೆಯವರು ಹೇಳಿದಂತೆ ವಿಚಾರಿಸಿದೆ. ಅಭ್ಯಾಸ ಬಿಟ್ಟ ಹುಡುಗರಲ್ಲಿ ಒಬ್ಬನ ಹೊರತು ಉಳಿದವರೆಲ್ಲ ಬೈಲಹೊಂಗಲ, ಹುಕ್ಕೇರಿ, ಖಾನಾಪುರದ ಕಡೆಯಿಂದ ದಿನವೂ ಬಸ್ಸಿನಲ್ಲಿ ಬರುವವರು. ಅಭ್ಯಾಸವನ್ನು ಮಧ್ಯಾಹ್ನಕ್ಕೆ ತರಲು ಪ್ರಾಚಾರ್ಯರು ಒಪ್ಪಿದ್ದಾರೆ. ಲೀಗ್‌ನ ಪ್ರಸ್ತಾಪವನ್ನು ಬರೆದು ಮಂಡಳಿಯ ಮುಂದಿಡುತ್ತೇನೆ.

ಒಂದು ವಿಷಯ ಉಳಿದಿದೆ. ನಮ್ಮ ಹಿಂಬದಿಯ ನಾಲ್ವರ ನಡುವೆ ಮಾತೇ ಇಲ್ಲ. ಪಂದ್ಯ ಕಷ್ಟಕ್ಕೆ ಬಂದಂತೆ ಅವರು ಇನ್ನಷ್ಟು ಮೌನವಾಗುತ್ತಾರೆ, ಗೋಲು ಬಿದ್ದ ಮೇಲೆ ಒಬ್ಬರನ್ನೊಬ್ಬರು ದೂರುತ್ತಾರೆ. ಇದನ್ನು ಹೇಗೆ ಸರಿಪಡಿಸಬೇಕು?


ಉತ್ತರ: ಮಹಿಳಾ ತಂಡದ ಮಾಜಿ ನಾಯಕಿ, ಟಿಳಕವಾಡಿ

ನಮ್ಮ ತಂಡದಲ್ಲಿ ಮನೆಯಲ್ಲಿ ಕನ್ನಡ, ಮರಾಠಿ, ಕೊಂಕಣಿ, ಉರ್ದು ಮಾತನಾಡುವವರು ಇದ್ದರು. ಬೆಳಗಾವಿಯ ಯಾವ ತಂಡದಲ್ಲೂ ಇದು ಸಹಜ, ಮೈದಾನದ ಹೊರಗೆ ಇದರಿಂದ ತೊಂದರೆಯೂ ಇಲ್ಲ. ಆದರೆ ಎದುರಾಳಿ ಹತ್ತು ಮೀಟರ್ ದೂರದಲ್ಲಿರುವಾಗ ಪ್ರತಿಯೊಬ್ಬಳೂ ತನ್ನ ಮನೆಯ ಭಾಷೆಯಲ್ಲಿ ಕೂಗುತ್ತಾಳೆ, ಪಕ್ಕದವಳಿಗೆ ಅದು ಅರ್ಥವಾಗುವಷ್ಟರಲ್ಲಿ ಚೆಂಡು ಹೋಗಿರುತ್ತದೆ. ನಾವು ಆರೇ ಆರು ಕೂಗುಗಳನ್ನು ಗೊತ್ತುಮಾಡಿಕೊಂಡೆವು: ಹಿಂದೆ ಎದುರಾಳಿ ಇದ್ದಾಳೆ ಎನ್ನಲು ‘ಮ್ಯಾನ್’, ಬಿಡುವಿದೆ ಎನ್ನಲು ‘ಟೈಮ್’, ಚೆಂಡನ್ನು ದೂರ ಹೊಡೆ ಎನ್ನಲು ‘ಅವೇ’, ಗೋಲ್‌ಕೀಪರ್ ತಾನು ಬರುತ್ತಿದ್ದೇನೆ ಎನ್ನಲು ‘ಕೀಪರ್’, ಸಾಲು ಮುಂದೆ ಸರಿಯಲು ‘ಅಪ್’, ಹಿಂದೆ ಸರಿಯಲು ‘ಡ್ರಾಪ್’. ಚಿಕ್ಕ ಆಟಗಳಲ್ಲಿ ಕೂಗದೆ ಕೊಟ್ಟ ಪಾಸ್‌ನಿಂದ ಬಂದ ಗೋಲನ್ನು ಲೆಕ್ಕಕ್ಕೆ ಹಿಡಿಯಬಾರದು ಎಂಬ ನಿಯಮ ಮಾಡಿದೆವು. ಮೊದಮೊದಲು ಎಲ್ಲರಿಗೂ ಸಂಕೋಚವಿತ್ತು. ಕೆಲವು ವಾರಗಳಲ್ಲಿ ರೂಢಿಯಾಯಿತು.

ಸಾಲನ್ನು ಮುಂದೆ ಹಿಂದೆ ಸರಿಸುವ ಎರಡು ಕೂಗುಗಳು ಒಬ್ಬರಿಗೇ ಸೇರಿರಬೇಕು, ಸಾಮಾನ್ಯವಾಗಿ ಹಿಂಬದಿಯ ಸಾಲಿನ ಮಧ್ಯದಲ್ಲಿ ಆಡುವ ಸ್ಟಾಪರ್‌ಗೆ. ನಾಲ್ವರಲ್ಲಿ ಮೂವರು ಮುಂದೆ ಸರಿದು ಒಬ್ಬ ಹಿಂದೆ ಉಳಿದರೆ ಎದುರಾಳಿ ಆಫ್‌ಸೈಡ್ (ಪಾಸ್ ಕೊಡುವಾಗ ಹಿಂಬದಿಯ ಸಾಲನ್ನು ದಾಟಿ ನಿಂತಿರುವ ತಪ್ಪು) ಆಗುವುದಿಲ್ಲ, ಆಗ ಮೂವರೂ ಕೈಯೆತ್ತಿ ರೆಫರಿಯನ್ನು ನೋಡುತ್ತಾ ನಿಂತುಬಿಡುತ್ತಾರೆ. ದೂರುವುದು ಆರಂಭವಾಗುವುದೇ ಅಲ್ಲಿಂದ. ಯಾರ ಮಾತನ್ನು ಕೇಳಬೇಕು ಎಂಬುದು ಮೊದಲೇ ಸ್ಪಷ್ಟವಿದ್ದರೆ ದೂರಲು ಕಾರಣವಿರುವುದಿಲ್ಲ.

ಪಂದ್ಯ ಮುಗಿದ ಕೂಡಲೇ ಮೈದಾನದಲ್ಲೇ ತಪ್ಪುಗಳ ಚರ್ಚೆ ಮಾಡಬೇಡಿ ಎಂದು ನಾನು ಬಲವಾಗಿ ಹೇಳುತ್ತೇನೆ. ಆ ಹೊತ್ತಿನಲ್ಲಿ ಹೇಳಿದ ಮಾತು ಹದಿನೆಂಟು ವರ್ಷದ ಹುಡುಗನಿಗೆ ಬಹಳ ದಿನ ನೋಯುತ್ತದೆ, ಆಟಕ್ಕೆ ಮಾತ್ರ ಏನೂ ಉಪಯೋಗವಾಗುವುದಿಲ್ಲ. ಮರುದಿನ, ವಿಜಯಪುರದ ಉಪನ್ಯಾಸಕಿಯವರು ಹೇಳಿದ ನೋಟ್‌ಬುಕ್ಕನ್ನು ಎದುರಿಗಿಟ್ಟುಕೊಂಡು, ಹೆಸರು ಹೇಳದೆ ಜಾಗ ಮತ್ತು ನಿಮಿಷ ಮಾತ್ರ ಹೇಳಿ ಚರ್ಚಿಸಿ: ಎಡಬದಿಯಿಂದ, ಎಪ್ಪತ್ತನೆಯ ನಿಮಿಷದಲ್ಲಿ ಚೆಂಡು ಒಳಗೆ ಬಂದಾಗ ನಮ್ಮ ಮಧ್ಯದವರು ಎಲ್ಲಿದ್ದರು ಎಂದು ಕೇಳಿದರೆ ಹುಡುಗರೇ ಉತ್ತರ ಹೇಳುತ್ತಾರೆ.


ಉತ್ತರ: ದೈಹಿಕ ಶಿಕ್ಷಣ ಶಿಕ್ಷಕ, ಬಾಗಲಕೋಟೆ

ಲೀಗ್ ನಡೆಸುವುದಾದರೆ ನಮ್ಮ ತಂಡವನ್ನು ಸೇರಿಸಿಕೊಳ್ಳಿ. ಇಲ್ಲಿನ ಪ್ರಾಚಾರ್ಯರೊಂದಿಗೆ ಮಾತನಾಡಿದ್ದೇನೆ. ಒಂದು ಅಡಚಣೆಯನ್ನು ಈಗಲೇ ತಿಳಿಸುವುದು ಒಳ್ಳೆಯದು. ನಮ್ಮದು ಕಪ್ಪು ಎರೆಮಣ್ಣಿನ ಮೈದಾನ. ಮಳೆ ಕಡಿಮೆಯಾದರೂ ಒಮ್ಮೆ ನೆನೆದರೆ ಬೂಟಿಗೆ ಮೆತ್ತಿಕೊಂಡು ದಿನಗಟ್ಟಲೆ ಆಡಲು ಬರುವುದಿಲ್ಲ, ಒಣಗಿದ ಮೇಲೆ ಬಿರುಕು ಬಿಟ್ಟು ಹಿಮ್ಮಡಿ ತಿರುಚುತ್ತದೆ. ಬೆಳಗಾವಿಯ ಕೆಂಪು ಮಣ್ಣಿನಲ್ಲಿ ಮಳೆ ನಿಂತ ಮೇಲೆ ನೀರು ಬೇಗ ಇಂಗುತ್ತದೆ. ಆದ್ದರಿಂದ ಮೊದಲ ಮೂರು ಸುತ್ತುಗಳನ್ನು ನಿಮ್ಮಲ್ಲಿ ಇಟ್ಟುಕೊಂಡು, ಉಳಿದ ಎರಡನ್ನು ನವೆಂಬರ್ ನಂತರ ನಮ್ಮ ಕಡೆಗೆ ತಂದರೆ ಅನುಕೂಲ. ದೂರದಿಂದ ಬರುವ ತಂಡಗಳು ಒಂದೇ ಪ್ರಯಾಣದಲ್ಲಿ ಶನಿವಾರ ಒಂದು, ಭಾನುವಾರ ಒಂದು ಪಂದ್ಯ ಆಡಿ ಹೋಗಬಹುದು ಎಂದು ಕೆಲವರು ಸೂಚಿಸಬಹುದು. ಪೂರ್ಣ ತೊಂಬತ್ತು ನಿಮಿಷಗಳ ಪಂದ್ಯವನ್ನು ಎರಡು ದಿನ ಸತತವಾಗಿ ಆಡಿಸುವುದಕ್ಕೆ ನನ್ನ ಒಪ್ಪಿಗೆಯಿಲ್ಲ. ಹಾಗೆ ಮಾಡಲೇಬೇಕಾದರೆ ಅವಧಿಯನ್ನು ಅರವತ್ತು ನಿಮಿಷಕ್ಕೆ ಇಳಿಸಿ, ಹೊರಗೆ ಹೋದ ಆಟಗಾರ ಮತ್ತೆ ಒಳಗೆ ಬರಬಹುದೆಂಬ ನಿಯಮವನ್ನು ಆರೂ ಕಾಲೇಜುಗಳು ಒಪ್ಪಿ ಮೊದಲೇ ಬರೆದುಕೊಳ್ಳಬೇಕು. ಮಂಡಳಿಯ ತೀರ್ಮಾನ ತಿಳಿದ ಕೂಡಲೇ ಇಲ್ಲಿಯೇ ಬರೆಯಿರಿ. ನಮ್ಮ ಪರೀಕ್ಷೆಗಳ ವೇಳಾಪಟ್ಟಿಯನ್ನು ನೋಡಿ ದಿನಾಂಕಗಳನ್ನು ಸೂಚಿಸುತ್ತೇನೆ.